ಕಟ್ಟಿಕೊಂಡದ್ದು, ಕಟ್ಟಿಸಿಕೊಂಡದ್ದು

ಮದ್ದೂರಿನಿಂದ ಮಳವಳ್ಳಿಗೆ ಹೋಗುವ ದಾರಿಯಲ್ಲಿ, ಕೆ.ಎಂ. ದೊಡ್ಡಿಯ ಆಸುಪಾಸಿನ ಗದ್ದೆಗಳಲ್ಲಿ ಕಬ್ಬಿನ ಕಟಾವು ಶುರುವಾಯಿತೆಂದರೆ ಬರಿತಲೆಯ ಆಳು ಕಣ್ಣಿಗೆ ಬೀಳುವುದೇ ಅಪರೂಪ. ಗಂಡಸರ ತಲೆಗೆ ಟವಲ್ಲು, ಹೆಂಗಸರ ತಲೆಗೆ ಹಳೇ ಸೀರೆಯ ತುಂಡು. ಬಿಸಿಲಿಗೆ ಮಾತ್ರ ಅಂತಲ್ಲ. ಕಬ್ಬಿನ ಗರಿಯ ಅಂಚಿನಲ್ಲಿ ಕಣ್ಣಿಗೆ ಕಾಣದಷ್ಟು ಸಣ್ಣ ಹಲ್ಲುಗಳಿರುತ್ತವೆ. ಬಗ್ಗಿ ಬುಡಕ್ಕೆ ಮಚ್ಚು ಹಾಕುವವನ ಹಣೆ, ಕಿವಿ, ಕತ್ತಿಗೆ ಅದು ಗೀರುತ್ತದೆ. ಗೀರಿದ ಜಾಗಕ್ಕೆ ಬೆವರು ಇಳಿದರೆ ಆಮೇಲೆ ಕೇಳುವುದೇ ಬೇಡ.

ಆಲೆಮನೆಯೊಳಗೆ ಹೋದರೆ ಅದೇ ಟವಲ್ಲಿಗೆ ಇನ್ನೊಂದು ಕೆಲಸ. ರಚ್ಚನ್ನು, ಅಂದರೆ ರಸ ಹಿಂಡಿ ಒಣಗಿಸಿದ ಕಬ್ಬಿನ ಸಿಪ್ಪೆಯನ್ನು, ಒಲೆಯ ಬಾಯಿಗೆ ತಳ್ಳುತ್ತಾ ಕೂತವನಿಗೂ, ಕುದಿಯುವ ಕೊಪ್ಪರಿಗೆಯ ನೊರೆ ತೆಗೆಯುವವನಿಗೂ ಎರಡು ಕೈಯೂ ಬಿಡುವಿಲ್ಲ; ಕಣ್ಣು ಒರೆಸಿಕೊಳ್ಳಲು ಪುರಸೊತ್ತೆಲ್ಲಿ? ಬೆವರನ್ನು ಕಣ್ಣಿಗೆ ಬಿಡದೆ ಪಕ್ಕಕ್ಕೆ ಇಳಿಸುವುದು ಹುಬ್ಬಿನ ಕೆಲಸವೇನೋ ಹೌದು, ಆದರೆ ಆಲೆಮನೆಯ ಬೆವರು ಹುಬ್ಬಿನ ಕೈಗೆ ಸಿಕ್ಕುವಂಥದ್ದಲ್ಲ. ಹುಬ್ಬಿನ ಮೇಲೆ ಒಂದು ಸುತ್ತು ಬಟ್ಟೆ ಬೇಕೇ ಬೇಕು. ಅದನ್ನು ನೀರಿನಲ್ಲಿ ಅದ್ದಿ ಹಿಂಡಿ ಕಟ್ಟಿಕೊಂಡರೆ, ನೀರು ಆರುತ್ತಾ ಆರುತ್ತಾ ತಲೆಯ ಕಾವನ್ನೂ ಒಂದಿಷ್ಟು ಎಳೆದುಕೊಳ್ಳುತ್ತದೆ. ಸುತ್ತುವುದರಲ್ಲೂ ಒಂದು ಕೈಚಳಕವಿದೆ. ಟವಲ್ಲನ್ನು ಎರಡು ಸಲ ಜೋರಾಗಿ ಒದರಿ, ಉದ್ದಕ್ಕೆ ಮಡಿಸಿ, ಹಿಂದಲೆಯಿಂದ ಮುಂದಕ್ಕೆ ತಂದು, ಒಂದು ತಿರುವು ಕೊಟ್ಟು ತುದಿಯನ್ನು ಕಿವಿಯ ಮೇಲಕ್ಕೆ ಸಿಕ್ಕಿಸುತ್ತಾರೆ. ಆ ಮಡಿಕೆಯೇ ಜೇಬು. ಬೀಡಿ, ಬೆಂಕಿಪೊಟ್ಟಣ, ಬಸ್ಸಿನ ಟಿಕೇಟು, ನಾಲ್ಕಾಗಿ ಮಡಿಸಿದ ನೋಟು, ಎಲ್ಲಕ್ಕೂ ಅಲ್ಲಿ ಜಾಗವುಂಟು.

ಕಡಿದ ಕಬ್ಬು ಲಾರಿ ಸೇರಬೇಕಲ್ಲ, ಆಗ ಹಣೆಯ ಸುತ್ತಿದ್ದ ಟವಲ್ಲು ನೆತ್ತಿಗೆ ಏರಿ ಸಿಂಬೆಯಾಗುತ್ತದೆ. ಬಟ್ಟೆಯನ್ನು ಹಗ್ಗದ ಹಾಗೆ ಹುರಿ ಮಾಡಿ, ಅಂಗೈ ಸುತ್ತ ಎರಡು ಮೂರು ಸುತ್ತು ಸುತ್ತಿ, ತುದಿಯನ್ನು ಒಳಕ್ಕೆ ತೂರಿಸಿದರೆ ಮುಗಿಯಿತು. ನೋಡಲು ಏನೂ ಇಲ್ಲದ ವಸ್ತು. ಲೆಕ್ಕ ಮಾತ್ರ ಪಕ್ಕಾ. ಹೊರೆಯ ಭಾರ ನೆತ್ತಿಯ ಒಂದೇ ಬಿಂದುವಿನ ಮೇಲೆ ಕೂರದೆ ಸುತ್ತಲೂ ಹರಡಿಕೊಳ್ಳುತ್ತದೆ, ಗುಂಡು ತಳದ ಕೊಡ ಹೊರಳದೆ ನಿಲ್ಲುತ್ತದೆ. ನೇಪಾಳದ ಹಮಾಲಿಗಳು ಬೆನ್ನಿನ ಬುಟ್ಟಿಗೆ ಪಟ್ಟಿ ಕಟ್ಟಿ ಆ ಪಟ್ಟಿಯನ್ನು ತಲೆಯ ಮುಂಭಾಗಕ್ಕೆ ಕೊಟ್ಟು ಬೆಟ್ಟ ಹತ್ತುತ್ತಾರೆ. ಅಲ್ಲಿ ಏರುದಾರಿಗೆ ಮುಂದಕ್ಕೆ ಬಾಗಿಯೇ ನಡೆಯಬೇಕು. ನಮ್ಮ ಬಯಲಿನ, ಏರಿಯ ಮೇಲಿನ ನಡಿಗೆಗೆ ಬೆನ್ನು ನೆಟ್ಟಗಿರಬೇಕು, ಹಾಗಾಗಿ ಹೊರೆ ನೆತ್ತಿಯ ಮೇಲೆ.

ಈ ಮಂಡ್ಯ ಸೀಮೆಯಲ್ಲಿ ತಲೆಗೆ ಬರುವ ಪಟ್ಟಿ, ಬಟ್ಟೆಗಳನ್ನೆಲ್ಲ ಒಂದು ಕಡೆ ಗುಡ್ಡೆ ಹಾಕಿ ನೋಡಿದರೆ ಎರಡು ಪಾಲು ಎದ್ದು ಕಾಣುತ್ತದೆ. ತಾವೇ ಕಟ್ಟಿಕೊಳ್ಳುವುದು ಒಂದು, ಬೇರೆಯವರು ಕಟ್ಟುವುದು ಇನ್ನೊಂದು. ದುಡಿಮೆಯ ಬಟ್ಟೆಯನ್ನು ಯಾರೂ ಬಂದು ಕಟ್ಟುವುದಿಲ್ಲ. ಮರ್ಯಾದೆಯ ಪಟ್ಟಿಯನ್ನು ಯಾರೂ ತಾವೇ ಕಟ್ಟಿಕೊಳ್ಳುವ ಹಾಗಿಲ್ಲ, ಕಟ್ಟಿಕೊಂಡರೆ ಊರು ನಗುತ್ತದೆ.

ಎರಡನೆಯ ಪಾಲಿನಲ್ಲಿ ಎಲ್ಲಕ್ಕಿಂತ ಹಳೆಯದು ಪಟ್ಟ. ಇವತ್ತು ಪಟ್ಟ ಎಂದರೆ ಸಿಂಹಾಸನ, ಅಧಿಕಾರ ಎಂದಷ್ಟೇ ಹೊಳೆಯುತ್ತದೆ. ಮೊದಲಿಗೆ ಅದು ನಿಜವಾಗಿಯೂ ಹಣೆಗೆ ಕಟ್ಟುವ ಪಟ್ಟಿ, ಅದೂ ಚಿನ್ನದ್ದು. ಆರನೇ ಶತಮಾನದ ವರಾಹಮಿಹಿರ ತನ್ನ ಬೃಹತ್ಸಂಹಿತೆಯಲ್ಲಿ ಒಂದು ಅಧ್ಯಾಯವನ್ನೇ ಇದಕ್ಕೆ ಮೀಸಲಿಟ್ಟು ಅಳತೆಪಟ್ಟಿ ಕೊಟ್ಟಿದ್ದಾನೆ. ರಾಜನ ಪಟ್ಟ ನಡುವೆ 8 ಅಂಗುಲ ಅಗಲ, ಪಟ್ಟದ ರಾಣಿಯದು 7, ಯುವರಾಜನದು 6, ಸೇನಾಪತಿಯದು 4. ರಾಜನದಕ್ಕೆ ಐದು ಶಿಖೆ (ಮೇಲಿನ ಮೊನೆ), ರಾಣಿಗೂ ಯುವರಾಜನಿಗೂ ಮೂರು, ಸೇನಾಪತಿಗೆ ಒಂದು. ಕೊನೆಯಲ್ಲಿ ಪ್ರಸಾದಪಟ್ಟ ಎಂಬ 2 ಅಂಗುಲದ ಇನ್ನೊಂದು ಪಟ್ಟವಿದೆ: ರಾಜ ಮೆಚ್ಚಿ ಕೊಡುವಂಥದ್ದು, ಶಿಖೆಯೇ ಇಲ್ಲ. ಯಾರು ಎಷ್ಟು ದೊಡ್ಡವರು ಎಂಬುದನ್ನು ಹಣೆ ನೋಡಿಯೇ ಹೇಳಬಹುದಿತ್ತು.

ಮಳವಳ್ಳಿಗೆ ಅಷ್ಟೇನೂ ದೂರವಲ್ಲದ ತಲಕಾಡಿನಿಂದ ಆಳಿದ ಗಂಗರಿಗೆ ಈ ಪಟ್ಟದ ಗಮ್ಮತ್ತು ಚೆನ್ನಾಗಿ ಗೊತ್ತಿತ್ತು. ಇಮ್ಮಡಿ ಶಿವಮಾರನ ಹಣೆಗೆ ರಾಷ್ಟ್ರಕೂಟ ಗೋವಿಂದನೂ ಪಲ್ಲವ ನಂದಿವರ್ಮನೂ ತಮ್ಮ ಕೈಯಾರೆ ಪಟ್ಟ ಕಟ್ಟಿದರೆಂದು ತಾಮ್ರಶಾಸನಗಳು ಹೇಳಿಕೊಳ್ಳುತ್ತವೆ. ಹೆಮ್ಮೆಯ ಮಾತೇನೋ ಹೌದು. ಆದರೆ ಅದೇ ಶಿವಮಾರ ಅದಕ್ಕೆ ಮುಂಚೆ ರಾಷ್ಟ್ರಕೂಟರ ಸೆರೆಯಲ್ಲಿ ಇದ್ದವನು ಎಂಬುದನ್ನು ನೆನೆದರೆ ಕಟ್ಟಿದವರ ಕೈ ಮೇಲೋ, ಕಟ್ಟಿಸಿಕೊಂಡವನ ಹಣೆ ಮೇಲೋ ಎಂದು ಕೇಳಬೇಕಾಗುತ್ತದೆ.

ಇನ್ನೂ ಮನಸ್ಸಿಗೆ ತಟ್ಟುವುದು ಬೇಗೂರಿನ ವೀರಗಲ್ಲು. ಗಂಗ ಎರೆಯಪ್ಪನ ಕಾಲದ್ದು, ಸುಮಾರು 1,100 ವರ್ಷ ಹಳೆಯದು. ನಾಗತ್ತರನೆಂಬ ನಾಯಕ ಎದುರಾಳಿ ವೀರಮಹೇಂದ್ರನ ಸೇನೆಯೆದುರು ಕಾದಿ ಸತ್ತ. ಸುದ್ದಿ ಕೇಳಿದ ಎರೆಯಪ್ಪ ಇರುಗ ಎಂಬವನಿಗೆ ನಾಗತ್ತರನ ಪಟ್ಟವನ್ನು ಕಟ್ಟಿ, ಬೆಂಪೂರು ಹನ್ನೆರಡನ್ನು, ಅಂದರೆ ಬೇಗೂರು ಸೀಮೆಯ ಹನ್ನೆರಡು ಹಳ್ಳಿಗಳನ್ನು, ಕೊಟ್ಟ. ಸತ್ತವನ ಹಣೆಯ ಗೌರವ ಬದುಕಿದವನ ಹಣೆಗೆ ದಾಟಿದ್ದು ಹಾಗೆ. ಈ ಕಲ್ಲು ಈಗ ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಕಾಡುಹಂದಿಯೊಡನೆ ಹೋರಾಡಿ ಸತ್ತ ಕಾಳಿ ಎಂಬ ನಾಯಿಯ ನೆನಪಿಗೆ ನಿಲ್ಲಿಸಿದ, ಮದ್ದೂರು ತಾಲ್ಲೂಕಿನ ಆತಕೂರಿನ ಪ್ರಸಿದ್ಧ ಕಲ್ಲೂ ಅಲ್ಲೇ ಇದೆ. ಮಂಡ್ಯದವರು ಆತಕೂರಿನ ಕಲ್ಲನ್ನು ಹುಡುಕಿಕೊಂಡು ಹೋದಾಗ ಬೇಗೂರಿನದರ ಮುಂದೆಯೂ ಎರಡು ನಿಮಿಷ ನಿಲ್ಲಬಹುದು.

ರಾಜರು ಹೋದರೂ ಪಟ್ಟ ಕಟ್ಟುವುದು ನಿಂತಿಲ್ಲ. ಕಳ್ಳನ ಪಟ್ಟ, ದಡ್ಡನ ಪಟ್ಟ ಯಾರಿಗೆ ಬೇಕಾದರೂ ಕಟ್ಟುತ್ತಾರೆ. ಸಕ್ಕರೆ ನಾಡು ಎಂಬ ಹಣೆಪಟ್ಟಿಯನ್ನು ಮಂಡ್ಯ ಹೊತ್ತು ಎಷ್ಟೋ ದಶಕಗಳಾದವು; 1933ರಲ್ಲಿ ಶುರುವಾದ ಮೈಷುಗರ್ ಕಾರ್ಖಾನೆ ನಡುನಡುವೆ ಬಾಗಿಲು ಹಾಕಿ ಕೂತಾಗಲೂ ಹಣೆಪಟ್ಟಿ ಮಾತ್ರ ಬಿಚ್ಚಲಿಲ್ಲ. ಕಬ್ಬಿನ ಬಾಕಿ ಹಣ ಬಾರದ ವರ್ಷ ರೈತನ ಪಾಡಿಗೆ ಈ ಕಡೆ ಇರುವ ಮಾತೂ ತಲೆಯದೇ: ‘ತಲೆ ಮೇಲೆ ಟವಲ್ ಹಾಕ್ಕೊಂಡು ಕೂತ.’ ಸುತ್ತಿದರೆ ದುಡಿಮೆ, ಹೊದ್ದರೆ ದಿವಾಳಿ.

ರಾಜನ ಪಟ್ಟವನ್ನು ಹತ್ತಿರದಿಂದ ನೋಡುವ ಆಸೆಯಿದ್ದರೆ ಅರಮನೆಗೆ ಹೋಗಬೇಕಿಲ್ಲ, ಮಂಡ್ಯದ ಯಾವುದಾದರೂ ಛತ್ರಕ್ಕೆ ಮದುವೆಯ ದಿನ ಹೋದರೆ ಸಾಕು. ಗಂಡು ಹೆಣ್ಣಿನ ಹಣೆಗೆ ಕಟ್ಟುವ ಬಾಸಿಂಗ ಆ ಪಟ್ಟದ ಬಡ ನೆಂಟನಂತೆ ಕಾಣುತ್ತದೆ. ಮದುಮಕ್ಕಳು ಒಂದು ದಿನದ ಮಟ್ಟಿಗೆ ರಾಜ ರಾಣಿ ಎಂಬ ಭಾವವಂತೂ ಎಲ್ಲರದೂ. ಹಳೆಯ ಬಾಸಿಂಗದ ಒಡಲು ಬೆಂಡಿನದು. ಹಗುರ, ಬಿಳುಪು, ಚೂರಿಗೆ ಬೆಣ್ಣೆ ಸಿಕ್ಕಿದ ಹಾಗೆ ಸಿಕ್ಕುತ್ತದೆ. ಅದನ್ನು ತೆಳ್ಳಗೆ ಕೊಯ್ದು, ಬಣ್ಣದ ಕಾಗದ, ಜರಿ, ಮಿಣಿಮಿಣಿ ಮಿಂಚುವ ತಗಡು ಅಂಟಿಸಿ, ಎರಡು ಕಡೆ ದಾರ ಬಿಡುತ್ತಿದ್ದರು. ಈಗ ಥರ್ಮಕೋಲು, ಪ್ಲಾಸ್ಟಿಕ್ ಮುತ್ತು, ಹೊಳೆಯುವ ಕಲ್ಲುಗಳು ಬಂದಿವೆ. ದಾರ ಮಾತ್ರ ಹಳೆಯದೇ. ಅನೇಕ ಮನೆತನಗಳಲ್ಲಿ ಅದನ್ನು ಕಟ್ಟುವ ಹಕ್ಕು ಸೋದರಮಾವನದು. ಆತ ಹಿಂದೆ ನಿಂತು ಗಂಟು ಹಾಕುವಾಗ ಬಿಗಿಯಾದರೆ ಹಣೆ ನೋವು, ಸಡಿಲವಾದರೆ ಧಾರೆಯ ಹೊತ್ತಿಗೆ ಮೂಗಿನ ಮೇಲೆ. ಫೋಟೊದವರು ಅದನ್ನು ಪದೇ ಪದೇ ಮೇಲೆತ್ತಿಸುವುದನ್ನು ಯಾವ ಮದುವೆಯಲ್ಲಾದರೂ ನೋಡಬಹುದು. ಮದುವೆ ಕೂಡಿಬರದಿದ್ದರೆ ‘ಬಾಸಿಂಗ ಬಲ ಬಂದಿಲ್ಲ’ ಎನ್ನುತ್ತಾರೆ. ಇಡೀ ಮದುವೆಯ ಭಾರವನ್ನು ಆ ಬೆಂಡಿನ ತುಂಡಿನ ಮೇಲೆ ಹೊರಿಸಿರುವುದು ನಮ್ಮವರ ಧೈರ್ಯವೇ ಸರಿ.

ಪೇಟದ ಕಥೆ ಸ್ವಲ್ಪ ಬೇರೆ. ಮೈಸೂರು ಸಂಸ್ಥಾನದಲ್ಲಿ ಅದು ದರ್ಬಾರಿನ ಉಡುಪು. ಬಿಳಿ ಷರಾಯಿ, ಉದ್ದನೆಯ ಕರೀ ಕೋಟು, ಜರಿಯಂಚಿನ ಪೇಟ. ಅಮಲ್ದಾರರಿಂದ ಮೇಷ್ಟರವರೆಗೆ ತಲೆಗೆ ರುಮಾಲು ಸುತ್ತಿದ ಹಳೆಯ ಚಿತ್ರಗಳು ಈ ಕಡೆಯ ಎಷ್ಟೋ ಮನೆಗಳ ನಡುಮನೆಯಲ್ಲಿ ಈಗಲೂ ತೂಗುತ್ತಿವೆ. ಆಗ ಅದು ಉದ್ದನೆಯ ಬಟ್ಟೆ, ಬೆಳಗ್ಗೆ ಕನ್ನಡಿ ಮುಂದೆ ನಿಂತು ಸುತ್ತಬೇಕಾಗಿತ್ತು. ಇಂದಿನದು ಅಚ್ಚಿನ ಮೇಲೆ ಹೊಲಿದು ಗಟ್ಟಿ ಮಾಡಿದ ಸಿದ್ಧ ಪೇಟ, ಟೋಪಿಯ ಹಾಗೆ ತಲೆಗೆ ಇಟ್ಟರಾಯಿತು. ಶಾಲು, ಹಾರ, ಫಲತಾಂಬೂಲದ ಜೊತೆ ಪೇಟವಿಲ್ಲದ ಸನ್ಮಾನ ಹಳೇ ಮೈಸೂರಿನಲ್ಲಿ ಸಪ್ಪೆ. ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನ ಮಂಡ್ಯದಲ್ಲಿ ಮೂರು ಸಲ ನಡೆದಿದೆ: 1974ರಲ್ಲಿ ಜಯದೇವಿ ತಾಯಿ ಲಿಗಾಡೆ, 1994ರಲ್ಲಿ ಚದುರಂಗ, 2024ರ ಡಿಸೆಂಬರಿನಲ್ಲಿ ಗೊ.ರು. ಚನ್ನಬಸಪ್ಪ ಅಧ್ಯಕ್ಷರು. ಇಂಥ ಜಾತ್ರೆಗಳಿಗೆ ಎಷ್ಟು ಪೇಟ ಬೇಕಾಗುತ್ತದೆಂದು ಅಂದಾಜು ಹಾಕುವುದು ಕಷ್ಟ. ಅಚ್ಚೋ ಒಂದೇ ಅಳತೆಯದು, ತಲೆಗಳೋ ನೂರು ಅಳತೆಯವು. ಒಬ್ಬರಿಗೆ ಕಿವಿಯವರೆಗೆ ಇಳಿದದ್ದು ಇನ್ನೊಬ್ಬರ ನೆತ್ತಿಯ ಮೇಲೆ ತೇಲುತ್ತಿರುತ್ತದೆ. ಜಡೆ, ತುರುಬಿನ ಹೆಂಗಸರಿಗಂತೂ ಈ ಅಚ್ಚು ಮಾಡಿದವನು ಯೋಚನೆಯನ್ನೇ ಮಾಡಿಲ್ಲ.

ಕಟ್ಟುವುದಕ್ಕಿಂತ ಬಿಚ್ಚುವುದರಲ್ಲಿ ಊರಿನ ಒಳಗುಟ್ಟು ಹೆಚ್ಚು ತಿಳಿಯುತ್ತದೆ. ದೇವಸ್ಥಾನದ ಬಾಗಿಲಲ್ಲಿ ಟವಲ್ಲು ತಲೆಯಿಂದ ಸೊಂಟಕ್ಕಿಳಿಯುವುದು ಭಕ್ತಿ. ಆದರೆ ಗೌಡರ ಜಗಲಿಯ ಮುಂದೆ ಹಾದುಹೋಗುವಾಗ ಇಳಿಯಬೇಕಾಗಿದ್ದದ್ದು ಬೇರೆಯೇ ಕಾರಣಕ್ಕೆ. ದಲಿತ ಕೇರಿಯವನು ತಲೆಗೆ ಬಟ್ಟೆ ಸುತ್ತಿಕೊಂಡೋ, ಹೆಗಲ ಮೇಲೆ ಹಾಕಿಕೊಂಡೋ ಊರ ಬೀದಿಯಲ್ಲಿ ನಡೆಯುವಂತಿಲ್ಲ, ಅದು ಕಂಕುಳಲ್ಲಿರಬೇಕು ಎಂಬ ಕಟ್ಟಳೆ ಹಳೇ ಮೈಸೂರಿನ ಹಳ್ಳಿಗಳಲ್ಲಿ ನಡೆದದ್ದುಂಟು. ಒಂದೇ ಬಟ್ಟೆ, ಒಂದೇ ಬಿಸಿಲು. ಯಾರ ತಲೆಗೆ ನೆರಳು ಸಲ್ಲಬೇಕೆಂಬುದನ್ನು ಜಾತಿ ತೀರ್ಮಾನಿಸುತ್ತಿತ್ತು.

ಕುಣಿತಕ್ಕೆ ಬಂದರೆ ದುಡಿಮೆ, ಮರ್ಯಾದೆ ಎರಡೂ ಒಂದೇ ತಲೆಯ ಮೇಲೆ ಕೂರುತ್ತವೆ. ಮಂಡ್ಯ, ರಾಮನಗರದ ಕಡೆಯ ಪೂಜಾ ಕುಣಿತದಲ್ಲಿ ಬಿದಿರು, ಮರದ ಚೌಕಟ್ಟಿಗೆ ಬಣ್ಣಬಣ್ಣದ ಸೀರೆ ಸುತ್ತಿ, ನಡುವೆ ದೇವಿಯ ಮುಖವಾಡ ಕೂರಿಸಿದ ‘ಪೂಜೆ’ಯನ್ನು ತಲೆ ಮೇಲೆ ಹೊತ್ತು ತಮಟೆಯ ಗತ್ತಿಗೆ ಕುಣಿಯುತ್ತಾರೆ. ಮಲೆ ಮಾದಪ್ಪನ ಗುಡ್ಡರ, ಅಂದರೆ ಭಕ್ತರ, ಬೀಸು ಕಂಸಾಳೆಯಲ್ಲಿ ಕಂಚಿನ ತಾಳ ತಲೆಯ ಹಿಂದೆ, ಕಾಲಿನ ಕೆಳಗೆ, ಪಕ್ಕದವನ ಕಿವಿಯ ಹತ್ತಿರ ಸುಳಿದಾಡುತ್ತದೆ. ಕೂದಲು ಕಣ್ಣಿಗೆ ಬಿದ್ದರೆ ಅಪಾಯ. ತಲೆಗೆ ಬಿಗಿದ ವಸ್ತ್ರ ಅಲ್ಲಿ ಬರೀ ವೇಷವಲ್ಲ.

ದನಗಳಿಗೂ ಈ ವೈಭವ ಉಂಟು. ಸಂಕ್ರಾಂತಿಯ ಕಿಚ್ಚು ಹಾಯುವ ಮುಂಚೆ ಹಳ್ಳಿಕಾರ್ ಎತ್ತುಗಳ ಹಣೆಗೆ ಕವಡೆ ಹೊಲಿದ ಪಟ್ಟಿ, ಕೊಂಬಿಗೆ ಬಣ್ಣ, ಟೇಪು. ಅದೇ ಟೇಪು ಶಾಲೆಯ ಹುಡುಗಿಯರ ಎರಡು ಜಡೆಗೂ ಏರುತ್ತದೆ. ಅವರ ಹೇರ್‌ಬ್ಯಾಂಡು ಜಾತ್ರೆಯ ಬಳೆ ಅಂಗಡಿಯ ಸಾಲಿನಲ್ಲೇ ಸಿಕ್ಕುತ್ತದೆ. ಹಣೆಗೆ ಸುತ್ತುವ ಹೆಡ್‌ಬ್ಯಾಂಡನ್ನು ಲೋಕಪ್ರಸಿದ್ಧ ಮಾಡಿದ್ದು 1976ರಿಂದ 1980ರವರೆಗೆ ಸಾಲಾಗಿ ಐದು ವಿಂಬಲ್ಡನ್ ಗೆದ್ದ ಟೆನಿಸ್ ಆಟಗಾರ ಬ್ಯೋರ್ನ್ ಬೋರ್ಗ್. ಅದರ ಮೂಲ ಕೆಲಸ ಆಲೆಮನೆಯ ಟವಲ್ಲಿನದೇ, ಬೆವರು ತಡೆಯುವುದು.

ರಾಜಕೀಯವೂ ತಲೆಯನ್ನು ಬಿಟ್ಟಿಲ್ಲ. 1938ರ ಏಪ್ರಿಲ್‌ನಲ್ಲಿ ಮದ್ದೂರಿನ ಶಿವಪುರದಲ್ಲಿ ಮೈಸೂರು ಕಾಂಗ್ರೆಸ್ಸಿನ ಮೊದಲ ಅಧಿವೇಶನ ಸೇರಿ, ನಿಷೇಧ ಮೀರಿ ಮುಖಂಡ ಟಿ. ಸಿದ್ದಲಿಂಗಯ್ಯನವರು ಕಾಂಗ್ರೆಸ್ಸಿನ ಬಾವುಟ ಹಾರಿಸಿ ಬಂಧನಕ್ಕೊಳಗಾದರು. ಆ ದಿನಗಳಲ್ಲಿ ಸರ್ಕಾರಿ ನೌಕರನ ತಲೆಗೆ ರುಮಾಲು, ಚಳವಳಿಗಾರನ ತಲೆಗೆ ಖಾದಿ ಟೋಪಿ; ಯಾರು ಯಾವ ಕಡೆ ಎಂದು ದೂರದಿಂದಲೇ ತಿಳಿಯುತ್ತಿತ್ತು. 1980ರಲ್ಲಿ ರೈತ ಸಂಘ ಹುಟ್ಟಿದ ಮೇಲೆ ಆ ಜಾಗಕ್ಕೆ ಹಸಿರು ಟವಲ್ಲು ಬಂತು. ಮಂಡ್ಯದಲ್ಲಿ ಅದರ ದೊಡ್ಡ ಮುಖವಾಗಿದ್ದವರು ಕೆ.ಎಸ್. ಪುಟ್ಟಣ್ಣಯ್ಯ. ಹೆಗಲ ಮೇಲಿನ ಹಸಿರು ಬಟ್ಟೆ ಬಿಸಿಲೇರಿದರೆ ತಲೆಗೆ, ಪೊಲೀಸರು ಬಂದರೆ ಮತ್ತೆ ಹೆಗಲಿಗೆ. ಬೆವರೊರೆಸುವ ತುಂಡನ್ನೇ ಗುರುತಾಗಿ ಮಾಡಿಕೊಂಡದ್ದು ಈ ಚಳವಳಿಯ ಜಾಣ್ಮೆ. ಅದನ್ನು ಯಾರೂ ಕಟ್ಟಬೇಕಾಗಿರಲಿಲ್ಲ, ಆಗಲೇ ಮೈಮೇಲಿತ್ತು. ಕಾವೇರಿ ನೀರಿನ ಗಲಾಟೆ ಎದ್ದಾಗಲೆಲ್ಲ ಮಂಡ್ಯದವರು ಹೋಗಿ ಕೂರುವುದು ಸರ್ ಎಂ. ವಿಶ್ವೇಶ್ವರಯ್ಯನವರ ಪ್ರತಿಮೆಯ ಮುಂದೆ. 2023ರಲ್ಲೂ ಧರಣಿ ನಡೆದದ್ದು ಅಲ್ಲೇ. ಮೇಲೆ ದಿವಾನರ ಪೇಟ, ಕೆಳಗೆ ಹಸಿರು ಟವಲ್ಲುಗಳು.

ಆ ಹಸಿರು ಈಗ ಸಂಘದವರ ಸ್ವತ್ತಾಗಿ ಉಳಿದಿಲ್ಲ. ಮಂಡ್ಯ ಜಿಲ್ಲೆಯ ಬೂಕನಕೆರೆಯಲ್ಲಿ ಹುಟ್ಟಿದ ಬಿ.ಎಸ್. ಯಡಿಯೂರಪ್ಪನವರು 2018ರ ಮೇ 17ರಂದು ಹಸಿರು ಶಾಲು ಹೊದ್ದು ಮುಖ್ಯಮಂತ್ರಿಯಾಗಿ ಪ್ರಮಾಣ ವಚನ ತೆಗೆದುಕೊಂಡರು. ಚುನಾವಣೆ ಹತ್ತಿರ ಬಂದರೆ ಎಲ್ಲ ಪಕ್ಷದವರ ಹೆಗಲಿಗೂ ಹಸಿರು ಶಾಲು ಬೀಳುತ್ತದೆ, ಹಾಕುವವರು ಕಾರ್ಯಕರ್ತರು, ಹಾಕಿಸಿಕೊಳ್ಳುವವರು ಅಭ್ಯರ್ಥಿಗಳು. ಕೆ.ಎಂ. ದೊಡ್ಡಿಯ ಕಬ್ಬಿನ ಗದ್ದೆಯ ಆಳು ಮಾತ್ರ ಬಣ್ಣ ನೋಡಿ ಟವಲ್ಲು ಕೊಳ್ಳುವುದಿಲ್ಲ. ನೀರು ಹೀರುತ್ತದೋ ಇಲ್ಲವೋ ಎಂದು ಬೆರಳಲ್ಲಿ ಉಜ್ಜಿ ನೋಡಿ, ಹತ್ತು ರೂಪಾಯಿ ಚೌಕಾಸಿ ಮಾಡಿ ತೆಗೆದುಕೊಳ್ಳುತ್ತಾನೆ.