ಗಡಿ ಎಳೆದವರು ಹೋದರು, ಸುಂಕದ ಕಟ್ಟೆ ಉಳಿಯಿತು
ಘಾನಾ–ಟೋಗೋ ಗಡಿಯ ಇತಿಹಾಸ ಮತ್ತು ವ್ಯಾಪಾರ

ಆಫ್ರಿಕಾದ ಗಡಿಗಳ ಮಾತು ಬಂದಾಗಲೆಲ್ಲ 1884–85ರ ಬರ್ಲಿನ್ ಸಮ್ಮೇಳನದ ಪ್ರಸ್ತಾಪ ಬರುತ್ತದೆ. ಐರೋಪ್ಯ ರಾಷ್ಟ್ರಗಳು ಅಲ್ಲಿ ನಕ್ಷೆ ಹರಡಿಕೊಂಡು ಖಂಡವನ್ನು ಹಂಚಿಕೊಂಡವು ಎಂಬ ನಂಬಿಕೆ ಸಾಮಾನ್ಯವಾಗಿದೆ. ವಾಸ್ತವದಲ್ಲಿ ಆ ಸಮ್ಮೇಳನ ರೂಪಿಸಿದ್ದು ಬಹುಮಟ್ಟಿಗೆ ನಿಯಮಗಳನ್ನು ಮಾತ್ರ. ಹೆಚ್ಚಿನ ಗಡಿಗಳು ಅದರ ಹಿಂದೆ ಮುಂದೆ ನಡೆದ ದ್ವಿಪಕ್ಷೀಯ ಒಪ್ಪಂದಗಳಿಂದ ರೂಪುಗೊಂಡವು. ಅವುಗಳಲ್ಲಿ ಕೆಲವಕ್ಕೆ ಸುಂಕ ವಸೂಲಿಯೇ ಮೂಲಕಾರಣ. ಪಶ್ಚಿಮ ಆಫ್ರಿಕಾದ ಘಾನಾ ಮತ್ತು ಟೋಗೋ ನಡುವಿನ ಗಡಿ ಇದಕ್ಕೆ ಸ್ಪಷ್ಟ ನಿದರ್ಶನ.

ಸುಂಕದಿಂದ ಬೆಳೆದ ನಗರ

ಈಗಿನ ಘಾನಾ ಅಂದು ಬ್ರಿಟಿಷರ ‘ಗೋಲ್ಡ್ ಕೋಸ್ಟ್’ ವಸಾಹತು. ಅದರ ಆದಾಯದ ಮುಖ್ಯ ಮೂಲ ಮದ್ಯ, ತಂಬಾಕು ಮೊದಲಾದ ಆಮದು ಸರಕುಗಳ ಮೇಲಿನ ಸುಂಕ. 1879ರಲ್ಲಿ ಬ್ರಿಟಿಷರು ತಮ್ಮ ಸುಂಕವಲಯವನ್ನು ಕರಾವಳಿಯ ಅಫ್ಲಾವೋ ಗ್ರಾಮದವರೆಗೆ ವಿಸ್ತರಿಸಿದರು. ಸುಂಕ ತಪ್ಪಿಸಲು ಬಯಸಿದ ವ್ಯಾಪಾರಿಗಳು ಅಲ್ಲಿಂದ ಪೂರ್ವಕ್ಕೆ ಸರಿದು, ಹತ್ತಿರದ ಕಡಲತೀರದಲ್ಲಿ ಮಳಿಗೆಗಳನ್ನು ತೆರೆದರು. ಆ ನೆಲೆಯೇ ಬೆಳೆದು ಲೋಮೆ ನಗರವಾಯಿತು. 1884ರ ಜುಲೈ 5ರಂದು ಜರ್ಮನಿಯ ಪ್ರತಿನಿಧಿ ಗುಸ್ತಾವ್ ನಾಖ್ಟಿಗಾಲ್ ಸ್ಥಳೀಯರೊಡನೆ ಮಾಡಿಕೊಂಡ ಒಪ್ಪಂದದಿಂದ ಈ ಪ್ರದೇಶ ಜರ್ಮನ್ ಟೋಗೋಲ್ಯಾಂಡ್ ಆಯಿತು. ಇಂದು ಲೋಮೆ ಟೋಗೋ ದೇಶದ ರಾಜಧಾನಿ. ನಗರದ ಪಶ್ಚಿಮದ ಅಂಚೇ ದೇಶದ ಗಡಿಯೂ ಹೌದು. ಅದನ್ನು ದಾಟಿದರೆ ಘಾನಾದ ಅಫ್ಲಾವೋ.

ಒಂದು ಜನಾಂಗ, ಮೂರು ಆಡಳಿತ

ಗಡಿಯ ಎರಡೂ ಬದಿಯಲ್ಲಿ ನೆಲೆಸಿರುವವರು ಎವೇ ಭಾಷೆಯನ್ನಾಡುವ ಜನ. ಮೊದಲನೆಯ ಮಹಾಯುದ್ಧದ ಆರಂಭದಲ್ಲಿಯೇ, 1914ರ ಆಗಸ್ಟ್‌ನಲ್ಲಿ, ಜರ್ಮನ್ ಟೋಗೋಲ್ಯಾಂಡ್ ಮಿತ್ರಪಕ್ಷಗಳಿಗೆ ಶರಣಾಯಿತು. 1919ರ ಒಪ್ಪಂದದಂತೆ ಲೋಮೆಯೂ ಸೇರಿ ಸುಮಾರು ಮೂರನೇ ಎರಡು ಭಾಗ ಫ್ರಾನ್ಸಿಗೆ, ಉಳಿದ ಪಶ್ಚಿಮ ಭಾಗ ಬ್ರಿಟನ್ನಿಗೆ ಸೇರಿತು. ಹೀಗೆ ಎವೇ ಜನರು ಗೋಲ್ಡ್ ಕೋಸ್ಟ್, ಬ್ರಿಟಿಷ್ ಟೋಗೋಲ್ಯಾಂಡ್, ಫ್ರೆಂಚ್ ಟೋಗೋಲ್ಯಾಂಡ್ ಎಂಬ ಮೂರು ಆಡಳಿತಗಳಲ್ಲಿ ಹಂಚಿಹೋದರು. ಮನೆ ಒಂದು ಬದಿ, ಹೊಲ ಇನ್ನೊಂದು ಬದಿ ಎಂಬಂತಾಯಿತು. ತಮ್ಮದೇ ಬೆಳೆಯನ್ನು ಸಾಗಿಸಲು ಗಡಿಯಲ್ಲಿ ತಪಾಸಣೆಗೆ ಒಳಗಾಗಬೇಕಾಯಿತು. ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡರೇನು ಫಲ?

ಎವೇ ಜನರನ್ನು ಒಂದುಗೂಡಿಸಬೇಕೆಂಬ ಬೇಡಿಕೆ ಎರಡನೆಯ ಮಹಾಯುದ್ಧದ ನಂತರ ವಿಶ್ವಸಂಸ್ಥೆಯವರೆಗೆ ಹೋಯಿತು. 1947ರಲ್ಲಿ ಅದರ ಧರ್ಮದರ್ಶಿತ್ವ ಮಂಡಳಿಯ ಮುಂದೆ ವಾದ ಮಂಡಿಸಿದವರು ಸಿಲ್ವಾನಸ್ ಒಲಿಂಪಿಯೊ. ಲಂಡನ್ ಸ್ಕೂಲ್ ಆಫ್ ಎಕನಾಮಿಕ್ಸ್‌ನಲ್ಲಿ ಓದಿ, ಯುನೈಟೆಡ್ ಆಫ್ರಿಕಾ ಕಂಪನಿಯ ಲೋಮೆ ವ್ಯವಹಾರದ ಹೊಣೆ ಹೊತ್ತಿದ್ದ ಅವರಿಗೆ ಸುಂಕದ ಗೋಡೆಯ ತೊಂದರೆ ವೃತ್ತಿಯಿಂದಲೇ ಪರಿಚಿತವಾಗಿತ್ತು.

ಆದರೆ ಫಲಿತಾಂಶ ಬೇರೆಯಾಯಿತು. 1956ರ ಮೇ 9ರಂದು ವಿಶ್ವಸಂಸ್ಥೆಯ ಮೇಲ್ವಿಚಾರಣೆಯಲ್ಲಿ ಬ್ರಿಟಿಷ್ ಟೋಗೋಲ್ಯಾಂಡಿನಲ್ಲಿ ಜನಮತಗಣನೆ ನಡೆಯಿತು. ಒಟ್ಟಾರೆ ಶೇಕಡ 58ರಷ್ಟು ಮತಗಳು ಗೋಲ್ಡ್ ಕೋಸ್ಟ್ ಜೊತೆಗಿನ ವಿಲೀನಕ್ಕೆ ಬಿದ್ದವು. ಎವೇ ಜನರು ಹೆಚ್ಚಾಗಿದ್ದ ದಕ್ಷಿಣದಲ್ಲಿ ಬಹುಮತ ವಿಲೀನಕ್ಕೆ ವಿರುದ್ಧವಾಗಿತ್ತು. ಆದರೂ ಇಡೀ ಪ್ರದೇಶವನ್ನು ಒಂದೇ ಘಟಕವಾಗಿ ಪರಿಗಣಿಸಲಾಯಿತು. 1957ರ ಮಾರ್ಚ್ 6ರಂದು ಘಾನಾ, 1960ರ ಏಪ್ರಿಲ್ 27ರಂದು ಟೋಗೋ ಸ್ವತಂತ್ರವಾದವು. ಟೋಗೋದ ಪ್ರಥಮ ಅಧ್ಯಕ್ಷರಾದ ಒಲಿಂಪಿಯೊ, ತಮ್ಮ ದೇಶವು ಘಾನಾದಲ್ಲಿ ವಿಲೀನಗೊಳ್ಳಬೇಕೆಂಬ ಘಾನಾ ನಾಯಕ ಎನ್‌ಕ್ರೂಮಾ ಅವರ ಒತ್ತಾಯವನ್ನು ತಿರಸ್ಕರಿಸಿದರು. ಗಡಿಯ ವಿರುದ್ಧ ವಾದಿಸಿದ್ದವರೇ ಗಡಿಯ ರಕ್ಷಕರಾಗಬೇಕಾಯಿತು. 1963ರ ಜನವರಿಯಲ್ಲಿ ಲೋಮೆಯಲ್ಲಿ ನಡೆದ ಸೈನಿಕ ದಂಗೆಯಲ್ಲಿ ಅವರ ಹತ್ಯೆಯಾಯಿತು.

ಕೈರೋ ನಿರ್ಣಯ

1964ರ ಜುಲೈನಲ್ಲಿ ಕೈರೋದಲ್ಲಿ ಸೇರಿದ ಆಫ್ರಿಕನ್ ಏಕತಾ ಸಂಸ್ಥೆಯು, ಸ್ವಾತಂತ್ರ್ಯ ದೊರೆತಾಗ ಇದ್ದ ಗಡಿಗಳನ್ನೇ ಎಲ್ಲ ಸದಸ್ಯ ರಾಷ್ಟ್ರಗಳು ಗೌರವಿಸಬೇಕೆಂದು ನಿರ್ಣಯಿಸಿತು. ಸೊಮಾಲಿಯಾ ಮತ್ತು ಮೊರಾಕೊ ಇದನ್ನು ಒಪ್ಪಲಿಲ್ಲ. ಉಳಿದವರ ಲೆಕ್ಕಾಚಾರ ಸರಳವಾಗಿತ್ತು. ಹಲವು ಜನಾಂಗಗಳು ನೆಲೆಸಿರುವ ದೇಶಗಳಲ್ಲಿ ಒಂದು ಗಡಿಯನ್ನು ಜನಾಂಗದ ಆಧಾರದ ಮೇಲೆ ತಿದ್ದಿದರೆ ಉಳಿದೆಲ್ಲ ಗಡಿಗಳೂ ಪ್ರಶ್ನಾರ್ಹವಾಗುತ್ತಿದ್ದವು. ಆನುವಂಶಿಕವಾಗಿ ಬಂದ ಋಣಭಾರವನ್ನು ತಮ್ಮ ಲೆಕ್ಕದಲ್ಲಿಯೇ ದಾಖಲಿಸಿಕೊಂಡಂತೆ ಹೊಸ ಸರ್ಕಾರಗಳು ವಸಾಹತು ಗಡಿಗಳನ್ನು ಸ್ವೀಕರಿಸಿದವು.

ಗಡಿಯಿಂದ ಬದುಕುವವರು

ಗಡಿ ಉಳಿಯಲು ಸರ್ಕಾರಗಳಷ್ಟೇ ಕಾರಣವಲ್ಲ. ಅದರಿಂದ ನೊಂದ ಜನರಲ್ಲಿಯೇ ಅದರಿಂದ ಗಳಿಸುವವರೂ ಇದ್ದಾರೆ. ಘಾನಾದಲ್ಲಿ ಕೋಕೋ ಬೀಜದ ಖರೀದಿ ಬೆಲೆಯನ್ನು ಸರ್ಕಾರ ನಿಗದಿಪಡಿಸುತ್ತದೆ. ಟೋಗೋದಲ್ಲಿ ಬೆಲೆ ಮಾರುಕಟ್ಟೆಯನ್ನು ಅನುಸರಿಸುತ್ತದೆ. ಘಾನಾದ ನಾಣ್ಯ ಸೇಡಿಯ ಮೌಲ್ಯ ಏರಿಳಿಯುತ್ತಿದ್ದರೆ, ಟೋಗೋದ ಸಿಎಫ್‌ಎ ಫ್ರಾಂಕ್ 1 ಯೂರೋಗೆ 655.957ರಂತೆ ಸ್ಥಿರವಾಗಿದೆ. ಬೆಲೆ ಅಥವಾ ವಿನಿಮಯ ದರದಲ್ಲಿ ಅಂತರ ಹೆಚ್ಚಿದಾಗ ಸರಕು ಲಾಭದ ಬದಿಗೆ ಹರಿಯುತ್ತದೆ. ಎರಡೂ ಬದಿಯ ಬಂಧುತ್ವ ಮತ್ತು ಒಂದೇ ಭಾಷೆ ಈ ವ್ಯಾಪಾರಕ್ಕೆ ನಂಬಿಕೆಯ ಬಂಡವಾಳ. ಗಡಿ ಪೂರ್ಣವಾಗಿ ಮುಚ್ಚಿದರೆ ಮಾತ್ರ ಎಲ್ಲರಿಗೂ ನಷ್ಟ. ಕೋವಿಡ್ ಕಾರಣದಿಂದ 2020ರ ಮಾರ್ಚ್‌ನಲ್ಲಿ ಘಾನಾ ಮುಚ್ಚಿದ ಭೂಗಡಿಗಳು ತೆರೆದುಕೊಂಡದ್ದು 2022ರ ಮಾರ್ಚ್ 28ರಂದು. ಆ ಎರಡು ವರ್ಷ ಅಫ್ಲಾವೋದ ಸಣ್ಣ ವ್ಯಾಪಾರಿಗಳು ತೀವ್ರ ಸಂಕಷ್ಟ ಅನುಭವಿಸಿದರು.

ರಾಜಕೀಯ ಅಸಮಾಧಾನವೂ ಪೂರ್ಣವಾಗಿ ಅಳಿದಿಲ್ಲ. 2020ರ ಸೆಪ್ಟೆಂಬರ್‌ನಲ್ಲಿ ಘಾನಾದ ವೋಲ್ಟಾ ಪ್ರಾಂತ್ಯದಲ್ಲಿ ‘ಪಶ್ಚಿಮ ಟೋಗೋಲ್ಯಾಂಡ್’ ಪ್ರತ್ಯೇಕತಾವಾದಿಗಳು ರಸ್ತೆತಡೆ ನಡೆಸಿದರು.

ಗಡಿಯನ್ನು ತೆಳುಗೊಳಿಸುವ ಯತ್ನ

ಗಡಿಯನ್ನು ಅಳಿಸಲಾಗದಿದ್ದರೆ ತೆಳುವಾದರೂ ಮಾಡಬಹುದೆಂಬುದು ನಂತರದ ಮಾರ್ಗ. 1975ರಲ್ಲಿ ಪಶ್ಚಿಮ ಆಫ್ರಿಕಾ ಆರ್ಥಿಕ ಸಮುದಾಯ ಸ್ಥಾಪನೆಯಾಯಿತು. ಅದರ 1979ರ ಒಡಂಬಡಿಕೆ ಸದಸ್ಯ ದೇಶಗಳ ಪ್ರಜೆಗಳಿಗೆ 90 ದಿನಗಳ ವೀಸಾರಹಿತ ಪ್ರವೇಶ ನೀಡಿತು. ಆಫ್ರಿಕಾ ಖಂಡದ ಮುಕ್ತ ವ್ಯಾಪಾರ ವಲಯದ ಒಪ್ಪಂದ 2019ರ ಮೇ 30ರಂದು ಜಾರಿಗೆ ಬಂದು, 2021ರ ಜನವರಿ 1ರಿಂದ ಅದರಡಿ ವ್ಯಾಪಾರ ಆರಂಭವಾಯಿತು. ಆದರೆ ಸುಂಕ ಇಳಿದರೂ ಕಾನೂನು ಒಂದಾಗುವುದಿಲ್ಲ. ಟೋಗೋದಲ್ಲಿ ಫ್ರೆಂಚ್ ಮೂಲದ ‘ಒಹಾಡಾ’ ಏಕರೂಪ ವಾಣಿಜ್ಯ ಕಾನೂನು ಮತ್ತು ಲೆಕ್ಕಪತ್ರ ಪದ್ಧತಿ ಇವೆ; ಘಾನಾದಲ್ಲಿ ಇಂಗ್ಲಿಷ್ ಕಾನೂನಿನ ಪರಂಪರೆ. ಹಾಗಾಗಿ ಆ ದೇಶಗಳೊಡನೆ ವ್ಯವಹರಿಸುವವರು ಒಂದೇ ಮಾದರಿಯ ಕರಾರುಪತ್ರವನ್ನು ಎರಡೂ ಕಡೆ ಬಳಸುವಂತಿಲ್ಲ.

ಕರ್ನಾಟಕದ ಕರಾವಳಿಗೂ ಈ ಗಡಿಗಳಿಗೂ ನೇರ ಸಂಬಂಧವಿದೆ. ಮಂಗಳೂರು ಸುತ್ತಮುತ್ತಲಿನ ಗೇರುಬೀಜ ಕಾರ್ಖಾನೆಗಳು ಪಶ್ಚಿಮ ಆಫ್ರಿಕಾದ ಕಚ್ಚಾ ಗೇರುಬೀಜವನ್ನು ಆಮದು ಮಾಡಿಕೊಳ್ಳುತ್ತವೆ. ಟೋಗೋ ವಿಶ್ವಸಂಸ್ಥೆಯ ಅತ್ಯಲ್ಪ ಅಭಿವೃದ್ಧಿ ಹೊಂದಿದ ದೇಶಗಳ ಪಟ್ಟಿಯಲ್ಲಿದೆ, ಘಾನಾ ಅದರಲ್ಲಿಲ್ಲ. ಭಾರತವು 2008ರಲ್ಲಿ ಪ್ರಕಟಿಸಿದ ಸುಂಕ ರಿಯಾಯಿತಿ ಯೋಜನೆ ಆ ಪಟ್ಟಿಯ ದೇಶಗಳಿಗೆ ಅನ್ವಯಿಸುತ್ತದೆ. ಗಡಿಯ ಎರಡೂ ಬದಿಯಲ್ಲಿ ಮಣ್ಣು, ಮರ, ಬೆಳೆಗಾರನ ಭಾಷೆ ಒಂದೇ ಇರಬಹುದು. ಆದರೆ ರಿಯಾಯಿತಿ ಕೋರುವ ಆಮದುದಾರನಿಗೆ ಮುಖ್ಯವಾಗುವುದು ಮೂಲದೇಶ ಪ್ರಮಾಣಪತ್ರದಲ್ಲಿರುವ ದೇಶದ ಹೆಸರು. ಸರಕು ಯಾವ ಬಂದರಿನಿಂದ ಹಡಗೇರಿತು ಎಂಬುದಷ್ಟನ್ನೇ ನೋಡದೆ, ಅದು ಯಾವ ದೇಶದಲ್ಲಿ ಬೆಳೆಯಿತು ಎಂಬುದನ್ನು ದಾಖಲೆಸಹಿತ ಖಚಿತಪಡಿಸಿಕೊಳ್ಳುವುದು ಅವಶ್ಯ. 1919ರಲ್ಲಿ ಎಳೆದ ಗೆರೆ ಇಂದಿಗೂ ಸುಂಕದ ದರವನ್ನು ನಿರ್ಧರಿಸುತ್ತಿದೆ.