ಅವಾರ್ಡ್ ಬಂತು, ಮುಂದೇನು? ಎರಿ ಮಣ್ಣಿನ ಒಂದು ಲೆಕ್ಕ

ನವಲಗುಂದದ ಎರಿ ಮಣ್ಣು ಮಳೆಗೆ ಉಬ್ಬತ್ತೆ, ಬೇಸಿಗೆಗೆ ಬಿರಿಯತ್ತೆ. ಇದನ್ನ ನಾವು ಸಿವಿಲ್‌ನವರು ಲ್ಯಾಬಿನಲ್ಲೇ ನೋಡಿದ್ದೇವೆ. ಇದೇ ಮಣ್ಣು ಜಗಳವಾಗಿ ಕೋರ್ಟಿಗೆ ಹೋದರೆ ಏನಾಗತ್ತೆ ಅನ್ನೋದನ್ನ ಮಾತ್ರ ಯಾರೂ ಅಷ್ಟಾಗಿ ಹೇಳಿಕೊಡುವುದಿಲ್ಲ.

ಒಂದು ಕಲ್ಪಿತ ಉದಾಹರಣೆ ಇಟ್ಟುಕೊಳ್ಳೋಣ. ಅಣ್ಣಿಗೇರಿ ಕಡೆ ಒಂದು ರಸ್ತೆ ಕೆಲಸ. ಟೆಂಡರಿನಲ್ಲಿ ತೋರಿಸಿದ್ದಕ್ಕಿಂತ ಆಳಕ್ಕೆ ಎರಿ ಮಣ್ಣು ಸಿಕ್ಕಿತು. ಗುತ್ತಿಗೆದಾರರು ಅದನ್ನ ತೆಗೆದು ಗರಸು ತುಂಬಿದರು, 40 ಲಕ್ಷ ಹೆಚ್ಚಿಗೆ ಕೇಳಿದರು. ಇಲಾಖೆ ಒಪ್ಪಲಿಲ್ಲ. ಕರಾರಿನಲ್ಲಿ ಮಧ್ಯಸ್ಥಿಕೆಯ ಷರತ್ತು ಇತ್ತು. ಮಧ್ಯಸ್ಥರು ಎರಡೂ ಕಡೆಯ ಮಾತು ಕೇಳಿ 30 ಲಕ್ಷ, ಮೇಲೆ ಬಡ್ಡಿ ಅಂತ ಅವಾರ್ಡ್ ಕೊಟ್ಟರು. ಇಲಾಖೆ ಕೋರ್ಟಿಗೆ ಹೋಯಿತು.

ಇಲ್ಲೇ ಎಲ್ಲರೂ ತಪ್ಪು ತಿಳಿಯೋದು. ಇದು ಅಪೀಲು ಅಲ್ಲ. 1996ರ ಮಧ್ಯಸ್ಥಿಕೆ ಮತ್ತು ರಾಜಿ ಸಂಧಾನ ಕಾಯ್ದೆಯ 34ನೇ ಕಲಂ ಪ್ರಕಾರ ಕೋರ್ಟು ಮಣ್ಣಿನ ಆಳವನ್ನ ಮತ್ತೆ ಅಳೆಯುವುದಿಲ್ಲ, ಸಾಕ್ಷ್ಯವನ್ನ ಮತ್ತೆ ತೂಗುವುದಿಲ್ಲ. ನೋಟಿಸೇ ಕೊಡಲಿಲ್ಲವೇ, ಒಬ್ಬರ ಮಾತು ಕೇಳಲೇ ಇಲ್ಲವೇ, ಒಪ್ಪಿಸದ ವಿಷಯದ ಮೇಲೆ ತೀರ್ಪು ಕೊಟ್ಟರೇ, ವಂಚನೆ ನಡೆಯಿತೇ, ಮೇಲ್ನೋಟಕ್ಕೇ ಕಾಣುವ ಕಾನೂನು ತಪ್ಪು ಇದೆಯೇ, ಇಂಥವನ್ನಷ್ಟೇ ನೋಡತ್ತೆ. ಮಧ್ಯಸ್ಥರ ಲೆಕ್ಕ ನಮಗೆ ಒಪ್ಪಿಗೆ ಆಗಲಿಲ್ಲ ಅನ್ನೋದು ಕಾರಣವೇ ಅಲ್ಲ.

ಹಂಗಾದ್ರೆ 30 ಲಕ್ಷವನ್ನ 20 ಮಾಡಬಹುದಾ? ನಮ್ಮ ರಾಜ್ಯದ್ದೇ ಒಂದು ನಿಜವಾದ ಪ್ರಕರಣ ನೋಡ್ರಿ. ಮೇಲ್ದಂಡೆ ಕೃಷ್ಣಾ ಯೋಜನೆಯ ಕೃಷ್ಣಾ ಭಾಗ್ಯ ಜಲ ನಿಗಮ ಒಬ್ಬ ಗುತ್ತಿಗೆದಾರರ ವಿರುದ್ಧ ಸುಪ್ರೀಂ ಕೋರ್ಟಿನ ತನಕ ಹೋಯಿತು. ಕರಾರಿನಲ್ಲಿ ಮಧ್ಯಸ್ಥಿಕೆಯ ಷರತ್ತೇ ಇಲ್ಲ ಅಂತ ವಾದಿಸಿತು. ಮಧ್ಯಸ್ಥರ ಮುಂದೆ ಭಾಗವಹಿಸಿ, ಆಮೇಲೆ ಹಾಗೆ ಹೇಳಿದರೆ ಆಗದು ಅಂತ 2007ರಲ್ಲಿ ಕೋರ್ಟು ಹೇಳಿತು. ಆದರೆ ದೇಶದಲ್ಲಿ ಬಡ್ಡಿ ದರ ಇಳಿದಿದೆ ಅಂತ 18 ಪರ್ಸೆಂಟ್ ಬಡ್ಡಿಯನ್ನ 9ಕ್ಕೆ ಇಳಿಸಿತು.

2021ರಲ್ಲಿ ಹೆದ್ದಾರಿ ಪ್ರಾಧಿಕಾರದ ಪ್ರಕರಣವೊಂದರಲ್ಲಿ ಅದೇ ಕೋರ್ಟು, 34ರ ಕೆಳಗೆ ಅವಾರ್ಡನ್ನ ರದ್ದು ಮಾಡಬಹುದು, ತಿದ್ದುವಂತಿಲ್ಲ ಅಂದಿತು. 2025ರ ಏಪ್ರಿಲ್ 30ರಂದು ಐವರ ಪೀಠ 4:1 ಬಹುಮತದಿಂದ ನಡುದಾರಿ ಹಿಡಿಯಿತು: ಕೆಟ್ಟ ಭಾಗವನ್ನ ಬೇರ್ಪಡಿಸಬಹುದಾದರೆ ತೆಗೆಯಬಹುದು, ಬರವಣಿಗೆ ಅಥವಾ ಕೂಡು-ಕಳೆಯುವ ತಪ್ಪು ತಿದ್ದಬಹುದು, ಅವಾರ್ಡ್ ನಂತರದ ಬಡ್ಡಿಯನ್ನ ಕೆಲವು ಸಂದರ್ಭಗಳಲ್ಲಿ ಬದಲಿಸಬಹುದು. ಕೇಸಿನ ತಿರುಳನ್ನ ಮತ್ತೆ ವಿಚಾರಣೆ ಮಾಡುವಂತಿಲ್ಲ.

ಗಡುವೂ ಬಿಗಿ. ಅವಾರ್ಡ್ ಕೈಗೆ ಸಿಕ್ಕ 3 ತಿಂಗಳೊಳಗೆ ಅರ್ಜಿ ಹಾಕಬೇಕು. ತಕ್ಕ ಕಾರಣ ಇದ್ದರೆ ಇನ್ನೂ 30 ದಿನ, ಅದರಾಚೆ ಒಂದು ದಿನವೂ ಇಲ್ಲ. ಕಡತ ಮೇಜಿಂದ ಮೇಜಿಗೆ ಓಡಾಡ್ತಿತ್ತು ಅಂದರೆ ನಡೆಯಲ್ಲ. ಅರ್ಜಿ ಹಾಕಿದ ಮಾತ್ರಕ್ಕೆ ಅವಾರ್ಡ್ ನಿಲ್ಲುವುದೂ ಇಲ್ಲ. ತಡೆಯಾಜ್ಞೆ ಬೇರೆ ಕೇಳಬೇಕು, ಕೋರ್ಟು ಹಣ ಠೇವಣಿ ಇಡು ಅನ್ನಬಹುದು. ಅಲ್ಲಿ ಸೋತವರಿಗೆ 37ನೇ ಕಲಂ ಕೆಳಗೆ ಅಪೀಲು ಉಂಟು. ನಮ್ಮ ಜಿಲ್ಲೆಗೆ ಧಾರವಾಡದ ಹೈಕೋರ್ಟ್ ಪೀಠವೇ ಇದೆ.

ಇದರಲ್ಲಿ ನಮಗೇನು ಪಾಠ? ಕೋರ್ಟು ಮಣ್ಣನ್ನ ಮತ್ತೆ ನೋಡಲ್ಲ ಅಂದಮೇಲೆ, ಮಣ್ಣಿನ ಕತೆ ಹೇಳೋ ಜಾಗ ಮಧ್ಯಸ್ಥರ ಮುಂದೆ ಮಾತ್ರ. ಅಲ್ಲಿ ಮಾತಾಡೋದು ಸೈಟಿನ ಕಾಗದ: ಅಳತೆ ಪುಸ್ತಕ, ಪರೀಕ್ಷೆಯ ವರದಿ, ದಿನಾಂಕ ಹಾಕಿದ ಪತ್ರ, ಗುಂಡಿ ಮುಚ್ಚುವ ಮೊದಲು ತೆಗೆದ ಫೋಟೋ. ಗರಸು ತುಂಬಿದ ಮೇಲೆ ಕೆಳಗೆ ಏನಿತ್ತು ಅಂತ ಹೇಳೋಕೆ ಬೇರೆ ಯಾರೂ ಉಳಿದಿರಲ್ಲ.

ನಾಳೆ ಕುಂದಗೋಳದಲ್ಲೋ ಕಲಘಟಗಿಯಲ್ಲೋ ನಾವು ಸೈಟ್ ಇಂಜಿನಿಯರ್ ಆಗಿ ನಿಂತಾಗ, ಇಲಾಖೆ ಕಡೆ ಇದ್ದರೂ ಗುತ್ತಿಗೆದಾರರ ಕಡೆ ಇದ್ದರೂ, ಕಂಡದ್ದನ್ನ ಅವತ್ತೇ ಬರೆದಿಡೋಣ.