ಕಟ್ಟಡದ ವ್ಯಾಜ್ಯಗಳಲ್ಲಿ ತಡೆಯಾಜ್ಞೆಯೂ ಅಪೀಲೂ

ಮಂಗಳೂರಿನ ಹಂಪನಕಟ್ಟೆಯಂತೆ ಅಂಗಡಿಗಳು ಗೋಡೆಗೆ ಗೋಡೆ ತಾಗಿ ನಿಂತಿರುವ ಪೇಟೆಯಲ್ಲಿ ಒಂದು ಮೊಳ ನೆಲದ ಗಡಿಯನ್ನು ಕುರಿತ ವ್ಯಾಜ್ಯವು ನ್ಯಾಯಸ್ಥಾನವನ್ನು ಸೇರಿತೆನ್ನೋಣ. ಹಕ್ಕು ಯಾರದೆಂಬುದು ಸಾಕ್ಷ್ಯವಿಚಾರಣೆಯ ಬಳಿಕ ನಿರ್ಣಯವಾಗತಕ್ಕುದು. ಅಷ್ಟರಲ್ಲಿ ಪ್ರತಿವಾದಿಯು ಆ ನೆಲದ ಮೇಲೆ ಮೂರು ಮಾಳಿಗೆಗಳನ್ನೆತ್ತಿದರೆ, ವಾದಿಗೆ ಕಡೆಗೆ ದೊರೆಯುವ ಡಿಕ್ರಿಯಿಂದೇನು ಪ್ರಯೋಜನ? ಈ ಸಂಕಟಕ್ಕಾಗಿಯೇ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೆಯ ಆದೇಶವು ತಾತ್ಕಾಲಿಕ ತಡೆಯಾಜ್ಞೆಗೆ ಅವಕಾಶವಿತ್ತಿದೆ. ಮೇಲ್ನೋಟಕ್ಕೆ ಹುರುಳುಳ್ಳ ವಾದ, ಉಭಯರ ಅನುಕೂಲಗಳ ತಾರತಮ್ಯ, ತುಂಬಿಕೊಡಲಾಗದ ನಷ್ಟ, ಈ ಮೂರನ್ನೂ ತೂಗಿ ಅದನ್ನು ಕೊಡತಕ್ಕುದು.

ಆ ಆಜ್ಞೆಯ ಮೇಲೆ 43ನೆಯ ಆದೇಶದನ್ವಯ ಒಂದು ಅಪೀಲುಂಟು. 104ನೆಯ ಪ್ರಕರಣದಂತೆ ಎರಡನೆಯದಿಲ್ಲ. ಅಲ್ಲಿಂದಾಚೆಗೆ ಉಳಿಯುವುದು ಸಂವಿಧಾನದ 227ನೆಯ ಅನುಚ್ಛೇದದಂತೆ ಉಚ್ಚ ನ್ಯಾಯಾಲಯಕ್ಕಿರುವ ಮೇಲ್ವಿಚಾರಣೆ ಮಾತ್ರ. (ಮಂಗಳೂರಿನವರಿಗೆ ಆ ನ್ಯಾಯಾಲಯವು 1956ರವರೆಗೆ ಮದರಾಸಿನಲ್ಲಿತ್ತು, ಆ ಬಳಿಕ ಬೆಂಗಳೂರಿನಲ್ಲಿದೆ.)

ಅಪೀಲು ನ್ಯಾಯಾಧೀಶನು ಕೆಳಗಿನವನ ತಕ್ಕಡಿಯನ್ನು ಕಸಿದುಕೊಂಡು ತಾನೇ ಹೊಸದಾಗಿ ತೂಗಬಹುದೇ? ಕೂಡದೆಂದು ಸರ್ವೋಚ್ಚ ನ್ಯಾಯಾಲಯವು 1990ರಲ್ಲಿ ವಾಂಡರ್ ಕಂಪೆನಿಯ ಪ್ರಕರಣದಲ್ಲಿ ಹೇಳಿತು. ಅದು ವ್ಯಾಪಾರಚಿಹ್ನೆಯ ವ್ಯಾಜ್ಯ. ಸೂತ್ರವು ಮಾತ್ರ ಎಲ್ಲಕ್ಕೂ ಅನ್ವಯವಾಯಿತು. ಕೆಳಗಿನ ವಿವೇಚನೆಯು ಸ್ವೇಚ್ಛೆಯದೋ ವಿಪರೀತವೋ ನಿಯಮವಿರುದ್ಧವೋ ಆದಾಗಲೇ ಕೈಹಾಕತಕ್ಕುದು. ಬೇರೊಂದು ಅಭಿಪ್ರಾಯ ಸಾಧ್ಯವೆಂಬುದಷ್ಟೇ ಸಾಲದು.

ಕಟ್ಟಡದ ವಿಷಯದಲ್ಲಾದರೋ ಈ ಸಂಯಮವು ಪರೀಕ್ಷೆಗೊಳಗಾಗುತ್ತದೆ. ಇಟ್ಟಿಗೆಯು ತೀರ್ಪಿಗಾಗಿ ಕಾಯುವುದಿಲ್ಲ. 2004ರ ಮಹಾರ್ವಾಲ್ ಖೇವಾಜಿ ಟ್ರಸ್ಟಿನ ಪ್ರಕರಣದಲ್ಲಿ ಕೆಳಗಿನ ಅಪೀಲು ನ್ಯಾಯಾಲಯವು ಷರತ್ತಿನ ಮೇಲೆ ಕಟ್ಟಡಕ್ಕೆ ಅನುಮತಿಯಿತ್ತಿತ್ತು. ಸರ್ವೋಚ್ಚ ನ್ಯಾಯಾಲಯವು ಅದನ್ನೊಪ್ಪದೆ, ದಾವೆಯು ನಡೆಯುತ್ತಿರುವಾಗ ಸ್ವತ್ತಿನ ಸ್ವರೂಪವು ಸಾಮಾನ್ಯವಾಗಿ ಬದಲಾಗಬಾರದೆಂದಿತು. ಇತ್ತ 2008ರಲ್ಲಿ ಕರ್ನಾಟಕದಿಂದ ಹೋದ ಪ್ರಕರಣವೊಂದರಲ್ಲಿ, ಬಹುಕಾಲ ಸುಮ್ಮನಿದ್ದವನು ಸಾಧಾರಣವಾಗಿ ತಡೆಯಾಜ್ಞೆಗೆ ಅರ್ಹನಲ್ಲವೆಂದು ಪಕ್ಷಗಾರರ ನಡತೆಯನ್ನೂ ಗಣನೆಗೆ ತಂದಿತು. ಇವೆರಡರಲ್ಲಿ ವಿರೋಧವನ್ನು ಕಾಣುವುದು ಅವಸರವಾದೀತು. ಮೊದಲನೆಯದು ಸ್ವತ್ತನ್ನು ಕಾಯುವ ಮಾತು. ಎರಡನೆಯದು ಆ ಕಾವಲನ್ನು ಬೇಡಲು ಯಾರು ತಕ್ಕವರೆಂಬ ಮಾತು.

ಸಾಹಿತ್ಯಾಭ್ಯಾಸಿಗಳು ಗಮನಿಸತಕ್ಕ ಒಂದು ಶಬ್ದವು ಇಲ್ಲುಂಟು: 'ಯಥಾಸ್ಥಿತಿ'. ಗೋಡೆಯು ಅರ್ಧ ಎದ್ದಿರುವಾಗ ಯಥಾಸ್ಥಿತಿಯನ್ನು ಕಾಪಾಡಬೇಕೆಂದರೆ ಯಾವ ದಿನದ ಸ್ಥಿತಿ? ದಾವೆ ಹೂಡಿದ ದಿನದ್ದೋ, ಆಜ್ಞೆಯಾದ ದಿನದ್ದೋ, ಅಪೀಲಿನ ದಿನದ್ದೋ? ಅದನ್ನು ಬಿಡಿಸಿ ಹೇಳದ ಆಜ್ಞೆಯು ವ್ಯಾಜ್ಯವನ್ನು ತಡೆಯುವ ಬದಲು ಇನ್ನೊಂದನ್ನು ಹುಟ್ಟಿಸುತ್ತದೆ: ಒಬ್ಬನು ಮಾಡನ್ನು ಹೊದಿಸುವುದೂ ಯಥಾಸ್ಥಿತಿಯೇ ಎನ್ನುತ್ತಾನೆ, ಮತ್ತೊಬ್ಬನು ಸುಣ್ಣ ಬಳಿಯುವುದೂ ಉಲ್ಲಂಘನೆಯೆನ್ನುತ್ತಾನೆ. ಆದುದರಿಂದಲೇ ಎಚ್ಚರವುಳ್ಳ ನ್ಯಾಯಾಧೀಶನು 26ನೆಯ ಆದೇಶದಂತೆ ಕಮಿಷನರನೊಬ್ಬನನ್ನು ಸ್ಥಳಕ್ಕೆ ಕಳುಹಿಸಿ, ಗೋಡೆಯು ಅಂದು ಎಷ್ಟು ಅಡಿ ಎದ್ದಿತ್ತೆಂಬುದನ್ನು ಬರೆಯಿಸಿಡುತ್ತಾನೆ.